ರೆಕಾರ್ಡ್ ಮಾಡಿಟ್ಟರೆ ಮಾದಪ್ಪನ ಕಥೆ ಉಳಿಯುತ್ತದೆಯೇ?

ಹಳ್ಳಿಯ ಹಾಡುಗಾರಿಕೆಯ ಬಗ್ಗೆ ಬರೆಯುವ ನನಗೆ ಪದೇ ಪದೇ ಎದುರಾಗುವ ಪ್ರಶ್ನೆಯಿದು: "ದೇವರಗುಡ್ಡರು ಹಾಡುವ ಮಲೆ ಮಾದೇಶ್ವರನ ಕಾವ್ಯವನ್ನು ಪೂರ್ತಿ ರೆಕಾರ್ಡ್ ಮಾಡಿ ಯೂಟ್ಯೂಬಿಗೆ ಹಾಕಿಬಿಟ್ಟರೆ ಉಳಿದುಕೊಳ್ಳುತ್ತದಲ್ಲವೇ?"

ಮಲೆ ಮಾದೇಶ್ವರ ಎಂದರೆ ಚಾಮರಾಜನಗರ ಜಿಲ್ಲೆಯ ಬೆಟ್ಟದ ದೇವರು, ಜನರ ಬಾಯಲ್ಲಿ ಮಾದಪ್ಪ. ಅವನ ಕಥೆಯನ್ನು ಹಾಡುವ ಭಕ್ತ ಗಾಯಕರೇ ದೇವರಗುಡ್ಡರು. ರೆಕಾರ್ಡ್ ಬೇಕೇ ಬೇಕು. ಹಂಪಿಯ ಕನ್ನಡ ವಿಶ್ವವಿದ್ಯಾಲಯ ಈ ಕಾವ್ಯವನ್ನು ಅಚ್ಚು ಹಾಕಿಸಿದ್ದರಿಂದ ಚಾಮರಾಜನಗರದ ಕಡೆ ಕಾಲಿಡದವರೂ ಓದುವಂತಾಯಿತು. ಆದರೆ ಹಾಗೆ ಉಳಿಯುವುದು ಯಾರೋ ಒಬ್ಬರು ಯಾವಾಗಲೋ ಹಾಡಿದ ಒಂದು ರೂಪ ಮಾತ್ರ. ಗುಡ್ಡರ ಬಾಯಲ್ಲಿ ಕಥೆ ಪ್ರತಿಸಲ ಹೊಸದಾಗಿ ಕಟ್ಟಿಕೊಳ್ಳುತ್ತದೆ.

ಕಾವ್ಯದ ಒಂದೊಂದು ಭಾಗಕ್ಕೂ ಸಾಲು ಎನ್ನುತ್ತಾರೆ. ಸಂಕಮ್ಮನ ಸಾಲನ್ನೇ ನೋಡಿ. ಜೇನು ಕೀಳಲು ಕಾಡಿಗೆ ಹೊರಟ ಗಂಡ ನೀಲೇಗೌಡ, ಹೆಂಡತಿಯ ಶೀಲವನ್ನು ಶಂಕಿಸಿ ಭಾಷೆ ಕೊಡೆಂದು ಪೀಡಿಸುತ್ತಾನೆ. ಅವಳು ಒಪ್ಪುವುದಿಲ್ಲ. ಮಕ್ಕಳಿಲ್ಲದ ಆ ಹೆಣ್ಣುಮಗಳಿಗೆ ಕೊನೆಗೆ ಒಲಿಯುವವನು ಮಾದಪ್ಪ. ಕೇಳುತ್ತ ಕೂತ ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಂಡರೆ ಹಾಡುವವನು ಮುಂದಕ್ಕೆ ಹೋಗುವುದಿಲ್ಲ. ಅವಳ ಗೋಳನ್ನೇ ಇನ್ನಷ್ಟು ಬೆಳೆಸುತ್ತಾನೆ. ಜನ ತೂಕಡಿಸಿದರೆ ಅದೇ ಭಾಗವನ್ನು ಬೇಗ ಮುಗಿಸುತ್ತಾನೆ. ಅವನು ಉಸಿರು ತೆಗೆದುಕೊಳ್ಳುವಷ್ಟರಲ್ಲಿ ಹಿಮ್ಮೇಳದವರು ಸೊಲ್ಲು ಎತ್ತಿಕೊಳ್ಳಬೇಕು. ಆ ಹಿಮ್ಮೇಳದಲ್ಲಿ ಕೂತೇ ಹುಡುಗರು ಕಥೆ ಕಲಿಯುವುದು.

ಈಗ ಗುಡ್ಡರು ಹಾಡಿಗೆ ಬಾರಿಸುವ ಕಂಚಿನ ತಾಳವಾದ ಕಂಸಾಳೆಗೆ ವೇದಿಕೆ ಸಿಕ್ಕಿದೆ, ದಸರಾ ಮೆರವಣಿಗೆಯಲ್ಲೂ ಜಾಗವಿದೆ. ಬೀಸು ಕಂಸಾಳೆಯ ಕುಣಿತ ನನಗೂ ಇಷ್ಟ. ಎಡ ಅಂಗೈಯ ಬಟ್ಟಲಿಗೆ ಬಲಗೈಯ ತಾಳ ಬೀಸಿ ಬಂದು ಬಡಿಯುವ ಸದ್ದಿಗೆ ಮೈ ಜುಂ ಎನ್ನುತ್ತದೆ. ಆದರೆ ಹತ್ತು ನಿಮಿಷದ ಕಾರ್ಯಕ್ರಮದಲ್ಲಿ ಸಂಕಮ್ಮ ಎಲ್ಲಿಂದ ಬರಬೇಕು? ಮೈ ಬಳುಕಿಸಲು ಕಲಿತ ಹುಡುಗನಿಗೆ ಕಥೆ ಬಾರದಿದ್ದರೆ ತಪ್ಪು ಅವನದಲ್ಲ. ರಾತ್ರಿಯಿಡೀ ಕೂತು ಕೇಳುವವರನ್ನು ಅವನು ಕಂಡೇ ಇಲ್ಲ.

ಹಾಗಾಗಿ ನನ್ನ ಉತ್ತರ: ಹಾಡಿಸುವವರು ಉಳಿದರೆ ಹಾಡು ಉಳಿಯುತ್ತದೆ. ವಯಸ್ಸಾದ ಕಲಾವಿದರಿಗೆ ಸರ್ಕಾರದ ಮಾಸಾಶನವಿದೆ, ಅದು ಇರಲೇಬೇಕು. ಹಿಮ್ಮೇಳದಲ್ಲಿ ಕಲಿಯುತ್ತಿರುವ ಹುಡುಗನ ಕೈಗೂ ಏನಾದರೂ ಸೇರಬೇಕು. ಮನೆಯಲ್ಲಿ ಹರಕೆಯೋ ಹಬ್ಬವೋ ಇದ್ದಾಗ ಧ್ವನಿವರ್ಧಕದ ಆರ್ಕೆಸ್ಟ್ರಾಗೆ ಕೊಡುವ ದುಡ್ಡನ್ನು ಗುಡ್ಡರ ಮೇಳಕ್ಕೆ ಕೊಡಿ. ಇಡೀ ಕಾವ್ಯ ಬೇಡ, ಒಂದೇ ಸಾಲು ಹಾಡಿಸಿ. ಬೆಳಗಿನವರೆಗೆ ಎದ್ದು ಕೇಳಿ, ಮಕ್ಕಳನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ. ರೆಕಾರ್ಡ್ ಮಾಡಲೇಬೇಕೆನಿಸಿದರೆ ಮೇಳದವರನ್ನು ಕೇಳಿ ಮಾಡಿ, ಅದರ ಒಂದು ಪ್ರತಿಯನ್ನು ಅವರಿಗೇ ಕೊಟ್ಟು ಬನ್ನಿ.