ಮಾಂತ್ರಿಕ ಚಿಹ್ನೆಯೊಳಗೆ ಏನಿದೆ ಎಂಬುದನ್ನು ಮೊದಲು ತೀರ್ಮಾನಿಸಿ

ವಿಡಿಯೊ ಗೇಮ್‌ಗಳ ಕಲ್ಪಿತ ಲೋಕಗಳಿಗೆ ಬೇಕಾದ ಲಿಪಿ, ಶಾಸನ ಮತ್ತು ಮುದ್ರೆಗಳನ್ನು ವಿನ್ಯಾಸ ಮಾಡುವುದು ನನ್ನ ಉದ್ಯೋಗ. ನಮ್ಮ ತಂಡಕ್ಕೆ ಬರುವ ಬೇಡಿಕೆ ಬಹುಮಟ್ಟಿಗೆ ಒಂದೇ ಬಗೆಯದು: ಗುಹೆಯ ಗೋಡೆಯ ಮೇಲೆ ಪುರಾತನ ಜ್ಞಾನವನ್ನು ಕಾಪಿಟ್ಟ ಚಿಹ್ನೆಗಳಿರಬೇಕು, ಅವು ನೋಡಿದೊಡನೆ ಗಂಭೀರವಾಗಿ ಕಾಣಬೇಕು. ಗಾಂಭೀರ್ಯವನ್ನು ರೇಖೆಗಳಲ್ಲಿ ತರುವುದು ನುರಿತ ಕೈಗೆ ಕಷ್ಟವಲ್ಲ. ಆದರೆ ಆ ಜ್ಞಾನ ಚಿಹ್ನೆಯ ಆಕಾರದಲ್ಲಿಯೇ ಇದೆಯೋ, ಇಲ್ಲವೇ ಬೇರೆಲ್ಲಿಯೋ ಇರುವ ಜ್ಞಾನದ ಕಡೆಗೆ ಚಿಹ್ನೆ ದಾರಿ ತೋರುತ್ತಿದೆಯೋ ಎಂಬುದನ್ನು ಪೆನ್ಸಿಲ್ ಹಿಡಿಯುವ ಮೊದಲೇ ತೀರ್ಮಾನಿಸಬೇಕು ಎಂಬುದು ಈ ಕೆಲಸ ನನಗೆ ಕಲಿಸಿದ ಮುಖ್ಯ ಪಾಠ.

ತಂಡಕ್ಕೆ ಹೊಸಬರು ಬಂದಾಗ ಇದನ್ನು ವಿವರಿಸಲು ನಾನು 2011ರ ನವೆಂಬರ್‌ನಲ್ಲಿ ಬೆಥೆಸ್ಡಾ ಬಿಡುಗಡೆ ಮಾಡಿದ ಸ್ಕೈರಿಮ್ ಗೇಮ್‌ನ ಡ್ರ್ಯಾಗನ್ ಲಿಪಿಯನ್ನು ತೋರಿಸುತ್ತೇನೆ. ಭಾಷೆಯನ್ನು ರೂಪಿಸಿದವರು ಎಮಿಲ್ ಪಗ್ಲಿಯರುಲೊ, ಅಕ್ಷರಗಳನ್ನು ಬಿಡಿಸಿದವರು ಕಲಾವಿದ ಆ್ಯಡಮ್ ಆ್ಯಡಮೊವಿಚ್. ಡ್ರ್ಯಾಗನ್ ಬರೆಯುವುದಾದರೆ ಹೇಗೆ ಬರೆದೀತು ಎಂಬ ಪ್ರಶ್ನೆಯೇ ಆ ಲಿಪಿಯ ತಳಹದಿ. ಮೂರು ಉಗುರುಗಳಿಂದ ಗೀರಿದ ಗೆರೆಗಳು ಮತ್ತು ಹಿಂಬದಿಯ ಚಿಕ್ಕ ಉಗುರಿನಿಂದ ಒತ್ತಿದ ಚುಕ್ಕೆ, ಇಷ್ಟರಲ್ಲಿಯೇ ಪ್ರತಿಯೊಂದು ಅಕ್ಷರವೂ ಮುಗಿಯುತ್ತದೆ. ತಾಳೆಗರಿಯ ಮೇಲೆ ಕಂಟದಿಂದ ಕೊರೆಯುತ್ತ ನಮ್ಮ ಅಕ್ಷರಗಳು ದುಂಡಗಾದವು ಎಂಬ ವಿವರಣೆಯನ್ನು ಕೇಳಿ ಬೆಳೆದ ಕನ್ನಡಿಗರಿಗೆ ಈ ತರ್ಕವನ್ನು ಬಿಡಿಸಿ ಹೇಳಬೇಕಾಗಿಲ್ಲ. ಆ ಲಿಪಿಯಲ್ಲಿರುವ ಅಕ್ಷರಗಳು 34. ಅವುಗಳಲ್ಲಿ 25 ಒಂದೊಂದು ರೋಮನ್ ಅಕ್ಷರಕ್ಕೆ ಸಮನಾದವು, ಉಳಿದ 9 ಜೋಡಿ ಅಕ್ಷರಗಳಿಗೆ ಮೀಸಲಾದವು. ವರ್ಗೀಯ 25, ಅವರ್ಗೀಯ 9, ಒಟ್ಟು 34 ಎಂದು ವ್ಯಂಜನಗಳನ್ನು ಬಾಯಿಪಾಠ ಮಾಡಿದ ನನಗೆ ಈ ಲೆಕ್ಕ ಮೊದಲ ಸಲ ಕಣ್ಣಿಗೆ ಬಿದ್ದಾಗ ಆದ ಸಂತೋಷ ಇಂದಿಗೂ ಮಾಸಿಲ್ಲ. ಅದು ಬರಿಯ ಕಾಕತಾಳೀಯ, ಆದರೂ ಹೇಳದೆ ಇರಲಾರೆ.

ಸ್ಕೈರಿಮ್‌ನ ‘ವರ್ಡ್ ವಾಲ್’ ಎಂಬ ಶಿಲಾಗೋಡೆಗಳಲ್ಲಿ ಈ ಲಿಪಿಯ ಪೂರ್ಣ ವಾಕ್ಯಗಳಿವೆ. ಇಂಥವರ ನೆನಪಿಗಾಗಿ ಈ ಕಲ್ಲು ಎಂದು ಹೇಳುವ ಬರಹಗಳು ಅವುಗಳಲ್ಲಿ ಹಲವು, ನಮ್ಮ ವೀರಗಲ್ಲುಗಳ ನುಡಿಗೆ ತೀರ ಹತ್ತಿರ. ಲಿಪಿಯನ್ನು ಕಲಿತ ಯಾವ ಆಟಗಾರನಾದರೂ ಅವನ್ನು ಓದಬಹುದು, ಏಕೆಂದರೆ ಅಷ್ಟು ಮಾಹಿತಿ ಗೆರೆಗಳಲ್ಲಿಯೇ ಇದೆ. ಆದರೆ ಅದೇ ಗೋಡೆಯಲ್ಲಿ ಹೊಳೆಯುವ ಒಂದು ಪದದ ಶಕ್ತಿ ಗೆರೆಗಳಲ್ಲಿಲ್ಲ. ಅದು ದಕ್ಕಬೇಕಾದರೆ ಕಥಾನಾಯಕ ಕೊಂದ ಡ್ರ್ಯಾಗನ್ನಿನ ಆತ್ಮವೊಂದನ್ನು ವ್ಯಯಿಸಬೇಕು. ಹೈ ಹ್ರಾತ್‌ಗಾರ್ ಮಠದ ಸನ್ಯಾಸಿಗಳಿಗಾದರೆ ವರ್ಷಗಟ್ಟಲೆ ಧ್ಯಾನ ಬೇಕು. ಒಂದೇ ಕಲ್ಲಿನ ಮೇಲೆ ಎರಡು ಬಗೆಯ ಸಂಗ್ರಹವನ್ನು ಹೀಗೆ ಗೊಂದಲವಿಲ್ಲದೆ ಕೂಡಿಸಿದ್ದು ನನ್ನ ದೃಷ್ಟಿಯಲ್ಲಿ ಬಹಳ ಎತ್ತರದ ವಿನ್ಯಾಸ. ಅದೇ ಲೋಕದ ಎಲ್ಡರ್ ಸ್ಕ್ರೋಲ್ ಎಂಬ ಪುರಾತನ ಸುರುಳಿಗಳು ಎರಡನೆಯ ಬಗೆಗೆ ಮಾತ್ರ ಸೇರಿದವು: ಅವನ್ನು ಓದುವ ವ್ರತ ಹಿಡಿದವರು ಓದಿದಂತೆಲ್ಲ ದೃಷ್ಟಿ ಕಳೆದುಕೊಳ್ಳುತ್ತ ಹೋಗುತ್ತಾರೆ.

ಈ ಭೇದವನ್ನು ಕಥೆ ಬರೆಯುವವರಿಗೂ ಪ್ರೋಗ್ರಾಮರ್‌ಗಳಿಗೂ ತಿಳಿಸಲು ನಾನು ಚಹಾ ಅಂಗಡಿಯ ಕ್ಯೂಆರ್ ಕೋಡನ್ನು ಉದಾಹರಿಸುತ್ತೇನೆ. ಆ ಚೌಕದೊಳಗೆ ಹಣವಿಲ್ಲ, ಹಣ ಸೇರಬೇಕಾದ ಖಾತೆಯ ವಿಳಾಸವಿದೆ. 34 ಅಕ್ಷರಗಳ ಲಿಪಿಯಲ್ಲಿ ಒಂದು ಅಕ್ಷರ ಹೊರಬಲ್ಲ ಮಾಹಿತಿ 5 ಬಿಟ್‌ಗಿಂತ, ಅಂದರೆ ಹೌದು-ಇಲ್ಲ ಎಂಬ ಐದು ಉತ್ತರಗಳಿಗಿಂತ, ತುಸು ಹೆಚ್ಚು, ಅಷ್ಟೇ. ಆದ್ದರಿಂದ ಒಬ್ಬ ಮಾಂತ್ರಿಕನ ಇಡೀ ಜೀವನದ ನೆನಪು ಒಂದೇ ಚಿಹ್ನೆಯಲ್ಲಿದೆ ಎಂದು ಕಥೆ ಹೇಳಿದರೆ, ಆ ಚಿಹ್ನೆ ವಿಳಾಸವೇ ಹೊರತು ಭಂಡಾರವಲ್ಲ ಎಂದು ನಾವು ತಿಳಿಯಬೇಕು, ಮತ್ತು ಭಂಡಾರ ಎಲ್ಲಿದೆ, ಅದನ್ನು ಕಾಯುವವರು ಯಾರು ಎಂಬುದನ್ನು ಕಥೆಗಾರರು ಹೇಳಲೇಬೇಕು.

ಇದರ ಪರಿಣಾಮ ಆಟದ ನಿಯಮಗಳವರೆಗೆ ಹೋಗುತ್ತದೆ. ಕಲ್ಲು ಅರ್ಧ ಒಡೆದರೆ ಏನಾಗುತ್ತದೆ? ಚಿಹ್ನೆಗಳೇ ಭಂಡಾರವಾಗಿದ್ದರೆ ಅರ್ಧ ಮಾಹಿತಿ ಉಳಿಯುತ್ತದೆ, ಆಟಗಾರ ಉಳಿದುದನ್ನು ಊಹಿಸಬಹುದು. ವಿಳಾಸವಾಗಿದ್ದರೆ ದಾರಿ ಪೂರ್ತಿ ಮುಚ್ಚಬಹುದು, ಅಥವಾ ಬೇರೊಬ್ಬರ ನೆನಪಿನ ಬಾಗಿಲು ತೆರೆಯಬಹುದು. ಹಾನಿಯನ್ನು ತಾಳಿಕೊಳ್ಳುವ ಚಿಹ್ನೆ ಬೇಕೆಂದಾದರೆ ಒಂದೇ ಮಾಹಿತಿಯನ್ನು ಪುನರುಕ್ತಿಯಿಂದ ಹೆಣೆಯಬೇಕು. 1994ರಲ್ಲಿ ಜಪಾನಿನ ಡೆನ್ಸೊ ಬಳಗ ರೂಪಿಸಿದ ಕ್ಯೂಆರ್ ಕೋಡ್ ತನ್ನ ಅತ್ಯುಚ್ಚ ದೋಷ ತಿದ್ದುಪಡಿ ಮಟ್ಟದಲ್ಲಿ ಸುಮಾರು 30 ಶೇಕಡ ಹಾನಿಯಾದರೂ ಓದಿಸಿಕೊಳ್ಳುವುದು ಇಂಥ ಹೆಣಿಗೆಯಿಂದಲೇ. ಒಡೆದ ಮುದ್ರೆಯನ್ನು ಜೋಡಿಸುವ ಸನ್ನಿವೇಶಗಳನ್ನು ನಾವು ಈಗ ಈ ಲೆಕ್ಕದ ಮೇಲೆಯೇ ಕಟ್ಟುತ್ತೇವೆ.

ತೀರ್ಮಾನವಾದ ಮೇಲೆ ಉಳಿಯುವುದು ಶಿಸ್ತಿನ ಕೆಲಸ. ಓದಲು ಬರುವ ಚಿಹ್ನೆಗಳನ್ನು ನಾವು ಚಿತ್ರಗಳಾಗಿ ಅಂಟಿಸದೆ ಫಾಂಟ್ ಆಗಿ ಮಾಡಿ, ಲೋಕದ ಲಿಪಿಗಳ ಪ್ರತಿ ಅಕ್ಷರಕ್ಕೂ ಕಂಪ್ಯೂಟರ್‌ನಲ್ಲಿ ಒಂದು ಸಂಖ್ಯೆ ಕೊಡುವ ಯುನಿಕೋಡ್ ಮಾನಕವು ಇಂಥ ಖಾಸಗಿ ಬಳಕೆಗೆಂದು ಮೂಲ ಪದರದಲ್ಲಿ ಬಿಟ್ಟಿರುವ 6,400 ಸ್ಥಾನಗಳಲ್ಲಿ ಇರಿಸುತ್ತೇವೆ. ಆಗ ಗೋಡೆಯ ಬರಹವನ್ನು ಹುಡುಕಬಹುದು, ಕರಡು ತಿದ್ದಬಹುದು, ಕಥೆ ಬದಲಾದ ದಿನ ಶಾಸನವನ್ನೂ ಬದಲಾಯಿಸಬಹುದು. ವಿಳಾಸದ ಬಗೆಯ ಮುದ್ರೆಗಳನ್ನು ಮಾತ್ರ ಚಿತ್ರಗಳಾಗಿಯೇ ಉಳಿಸಿ, ಪ್ರತಿಯೊಂದಕ್ಕೂ ಅದು ತೆರೆಯುವ ಸ್ಥಳ ಮತ್ತು ಅದಕ್ಕೆ ತೆರಬೇಕಾದ ಬೆಲೆಯನ್ನು ಪ್ರತ್ಯೇಕ ಪಟ್ಟಿಯಲ್ಲಿ ಬರೆದಿಡುತ್ತೇವೆ. ಆ ಪಟ್ಟಿಗೆ ಕಥೆಗಾರರ ಒಪ್ಪಿಗೆ ಸಿಗುವವರೆಗೆ ನಾನು ಮುದ್ರೆಯ ಅಂತಿಮ ರೇಖೆ ಎಳೆಯುವುದಿಲ್ಲ.