ಒಕ್ಕಣ್ಣಿನವಳು

ಮಗಳ ಸೂಕ್ಷ್ಮದರ್ಶಕದಲ್ಲಿ ಇವತ್ತು ಬಾವಿ ನೀರಿನ ಒಂದು ಹನಿ ನೋಡಿದೆ.
ಸೈಕ್ಲಾಪ್ಸ್!
ಮಿಲಿಮೀಟರಿನ ಆಸುಪಾಸಿನ ಮೈ, ನಡುಹಣೆಯಲ್ಲಿ ಒಂದೇ ಕಣ್ಣು. ಹಿಂಬದಿಯ ಎರಡೂ ಪಕ್ಕ ಮೊಟ್ಟೆಯ ಚೀಲ, ಸಂತೆಗೆ ಹೊರಟವಳು ಎರಡು ಕಂಕುಳಲ್ಲೂ ಬುಟ್ಟಿ ಇಟ್ಟುಕೊಂಡ ಹಾಗೆ.

ಸಿಗಡಿ, ಏಡಿಗಳ ದಾಯಾದಿ ಇದು. ಗುಂಪಿನ ಹೆಸರು ಕೋಪೆಪಾಡ್. ಗ್ರೀಕಿನಲ್ಲಿ ‘ಹುಟ್ಟುಗಾಲು’, ದೋಣಿಯ ಹುಟ್ಟಿನಂಥ ಕಾಲು. ಇದು ಜಿಗಿಜಿಗಿದು ಈಜುವುದನ್ನು ನೋಡಿದರೆ ಹೆಸರಿಟ್ಟವರ ಮೇಲೆ ಗೌರವ ಬರುತ್ತದೆ.

ನಾರುಹುಣ್ಣಿನ ಮರಿಹುಳುಗಳು ಮನುಷ್ಯರ ಹೊಟ್ಟೆ ಸೇರುತ್ತಿದ್ದುದು ಇದರೊಳಗೆ ಕುಳಿತೇ. ನೀರನ್ನು ಬಟ್ಟೆಯಲ್ಲಿ ಸೋಸಿ ಕುಡಿಯಿರಿ ಎಂದು ಊರೂರಲ್ಲಿ ಹೇಳಿದ್ದು ಅದಕ್ಕೇ. 2000ದಲ್ಲಿ ಭಾರತ ಆ ರೋಗದಿಂದ ಮುಕ್ತವೆಂದು ಘೋಷಣೆಯಾಯಿತು. ಸೈಕ್ಲಾಪ್ಸ್ ಮಾತ್ರ ಎಲ್ಲಿಗೂ ಹೋಗಿಲ್ಲ. ಅದನ್ನು ದೂರುವುದೂ ಸರಿಯಲ್ಲ ಬಿಡಿ, ಹುಳು ಅದರ ಮೈಯನ್ನೂ ಕೇಳದೆಯೇ ಹೊಕ್ಕಿದ್ದು.