ಸ್ಟೊರಾರೊ ಬಣ್ಣ ಬೇಕಾದರೆ ಯಾವ ಲಟ್ ಹಾಕಬೇಕು?

ಛಾಯಾಗ್ರಹಣ ಕಲಿಯುವವರು ಇಟಲಿಯ ಸಿನಿಮಾ ಛಾಯಾಗ್ರಾಹಕ ವಿಟ್ಟೋರಿಯೊ ಸ್ಟೊರಾರೊ ಹೆಸರು ಬಂದಾಗಲೆಲ್ಲ ಕೇಳುವುದು ಇದನ್ನೇ. ಲಟ್ (LUT) ಅಂದರೆ ಚಿತ್ರದ ಬಣ್ಣಗಳನ್ನು ಒಮ್ಮೆಲೇ ಬದಲಿಸುವ ಸಿದ್ಧ ಕೋಷ್ಟಕ. ಅಂಥ ಒಂದು ಲಟ್ಟಿನಿಂದ ಆ ಬಣ್ಣ ಬರುವುದಿಲ್ಲ. ಅದರ ಬಹುಪಾಲು ಕ್ಯಾಮೆರಾ ಓಡುವ ಮೊದಲೇ ತೀರ್ಮಾನವಾಗಿರುತ್ತದೆ.

ಸ್ಟೊರಾರೊ ಹುಟ್ಟಿದ್ದು 1940ರಲ್ಲಿ, ರೋಮ್‌ನಲ್ಲಿ. ತಂದೆ ಪ್ರೊಜೆಕ್ಟರ್ ಓಡಿಸುತ್ತಿದ್ದವರು. ‘ಅಪೊಕಲಿಪ್ಸ್ ನೌ’, ‘ರೆಡ್ಸ್’, ‘ದಿ ಲಾಸ್ಟ್ ಎಂಪರರ್’ ಮೂರಕ್ಕೂ ಆಸ್ಕರ್ ಬಂತು. ಕೊನೆಯದನ್ನೇ ನೋಡಿ. ಚೀನಾದ ಕೊನೆಯ ಚಕ್ರವರ್ತಿ ಪೂ ಯಿ ಬದುಕಿನ ಒಂದೊಂದು ಘಟ್ಟಕ್ಕೂ ಒಂದೊಂದು ಬಣ್ಣ. ಮಣಿಕಟ್ಟು ಕುಯ್ದುಕೊಂಡಾಗಿನ ರಕ್ತದ ಕೆಂಪೇ ನಮ್ಮನ್ನು ಅವನ ಬಾಲ್ಯಕ್ಕೆ ಒಯ್ಯುತ್ತದೆ. ಅರಿವಿನ ಬಣ್ಣವಾದ ಹಸಿರನ್ನು ಬ್ರಿಟಿಷ್ ಮೇಷ್ಟ್ರು ಬರುವವರೆಗೆ ತಡೆದಿಟ್ಟಿದ್ದಾರೆ. ಇಡೀ ಚಿತ್ರಕ್ಕೆ ಒಂದೇ ಹಸಿರು ಛಾಯೆ ಬಳಿದರೆ ಆ ಆಗಮನಕ್ಕೆ ಏನು ಬೆಲೆ ಉಳಿಯಿತು?

ಆಮೇಲೆ ಬೆಳಕು. ‘ದಿ ಕನ್‌ಫಾರ್ಮಿಸ್ಟ್’ (1970) ಚಿತ್ರದ ಕಿಟಕಿ ಪಟ್ಟಿಗಳ ನೆರಳನ್ನು ಮಾಡಹೊರಟವರು ಸಾಮಾನ್ಯವಾಗಿ ಸಾಫ್ಟ್‌ಬಾಕ್ಸ್ ಎಂಬ, ಬೆಳಕು ಹರಡುವ ದೊಡ್ಡ ಪೆಟ್ಟಿಗೆ ಇಟ್ಟು ಕೆಡಿಸುತ್ತಾರೆ. ಬೆಳಕಿನ ಮೂಲ ದೊಡ್ಡದಾದಷ್ಟೂ ನೆರಳಿನ ಅಂಚು ಕರಗುತ್ತದೆ. ಡಿಫ್ಯೂಷನ್ (ಬೆಳಕು ಹರಡುವ ತೆರೆ) ಇಲ್ಲದ ಒಂದೇ ಲೈಟನ್ನು ಜಾಗ ಇದ್ದಷ್ಟು ಹಿಂದಕ್ಕೆ ಒಯ್ಯಿರಿ, ಪಟ್ಟಿಯನ್ನು ಗೋಡೆಯ ಹತ್ತಿರ ತನ್ನಿ. ಯಾವ ಬೆಳಕನ್ನು ಬಿಳಿ ಎಂದು ಕಾಣಬೇಕೆಂದು ಕ್ಯಾಮೆರಾಗೆ ಹೇಳುವ ವೈಟ್ ಬ್ಯಾಲೆನ್ಸನ್ನು 3200 ಕೆಲ್ವಿನ್‌ಗೆ ಕಟ್ಟಿಹಾಕಿದರೆ 5600ರ ಹಗಲ ಬೆಳಕು ತಾನಾಗಿ ನೀಲಿಯಾಗುತ್ತದೆ, ಒಳಗಿನ ಬಲ್ಬು ಬೆಚ್ಚಗೆ ಉಳಿಯುತ್ತದೆ. ಆಟೊದಲ್ಲಿ ಬಿಟ್ಟರೆ ಕ್ಯಾಮೆರಾ ಆ ವ್ಯತ್ಯಾಸವನ್ನೇ ‘ಸರಿಪಡಿಸಲು’ ಹೋಗಿ ನಿಮ್ಮ ದುಡಿಮೆ ನೀರುಪಾಲು.

ಇನ್ನು ಸ್ಟೊರಾರೊ ಚಿತ್ರಗಳ ಆ ಕಡುಕಪ್ಪು. ಅದು ರೋಮ್‌ನ ಟೆಕ್ನಿಕಲರ್ ಲ್ಯಾಬಿನದು. ‘ರೆಡ್ಸ್’ (1981) ಚಿತ್ರಕ್ಕೆ ಬಳಸಿದ ಇಎನ್ಆರ್ ವಿಧಾನ. ಲ್ಯಾಬಿನ ಎರ್ನೆಸ್ಟೊ ನೊವೆಲ್ಲಿ ರಿಮೊ ಅವರ ಹೆಸರಿನ ಮೊದಲಕ್ಷರಗಳವು. ಬಣ್ಣದ ಪ್ರಿಂಟ್ (ಥಿಯೇಟರಿಗೆ ಹೋಗುವ ಫಿಲ್ಮ್ ಪ್ರತಿ) ತೊಳೆಯುವಾಗ ಬ್ಲೀಚ್ ಮತ್ತು ಫಿಕ್ಸರ್ ಎಂಬ ದ್ರಾವಣಗಳು ಸೇರಿ, ಚಿತ್ರ ಮೂಡಿಸಿದ ಬೆಳ್ಳಿಯನ್ನೆಲ್ಲ ತೆಗೆದುಬಿಡುತ್ತವೆ. ಇಎನ್ಆರ್‌ನಲ್ಲಿ ಬ್ಲೀಚ್ ಆದಮೇಲೆ, ಫಿಕ್ಸರ್‌ಗೆ ಮುಂಚೆ, ಕಪ್ಪುಬಿಳುಪಿನ ಡೆವಲಪರ್‌ನಲ್ಲಿ ಇನ್ನೊಂದು ಮುಳುಗು. ಸ್ವಲ್ಪ ಬೆಳ್ಳಿ ಮರಳಿ ಬಂದು ಪ್ರಿಂಟಿನಲ್ಲೇ ಉಳಿದು ಕಪ್ಪನ್ನು ಗಾಢವಾಗಿಸುತ್ತಿತ್ತು. ಎಷ್ಟು ಉಳಿಸಬೇಕೆಂಬುದು ಲ್ಯಾಬಿನವರ ಕೈಯಲ್ಲಿರುತ್ತಿತ್ತು. ಬ್ಲೀಚನ್ನೇ ಬಿಟ್ಟುಬಿಡುವ ವಿಧಾನದಲ್ಲಿ ಆ ಹಿಡಿತ ಇಲ್ಲ. ಉಳಿದದ್ದನ್ನು ಇನ್ಫ್ರಾರೆಡ್‌ನಲ್ಲಿ ಅಳೆಯುತ್ತಿದ್ದರು, ಏಕೆಂದರೆ ಆ ಕಿರಣ ಬಣ್ಣದ ಡೈಗಳನ್ನು ದಾಟಿ ಹೋಗುತ್ತದೆ, ಬೆಳ್ಳಿ ಮಾತ್ರ ತಡೆಯುತ್ತದೆ.

ಗ್ರೇಡಿಂಗ್‌ನಲ್ಲಿ (ಚಿತ್ರೀಕರಣದ ನಂತರ ಬಣ್ಣ ತಿದ್ದುವ ಕೆಲಸ) ಇದನ್ನು ಅನುಕರಿಸುವವರು ಎಡವುವುದು ಇಲ್ಲೇ: ಇಡೀ ಫ್ರೇಮಿನ ಸ್ಯಾಚುರೇಷನ್ (ಬಣ್ಣದ ಗಾಢತೆ) ಇಳಿಸುತ್ತಾರೆ. ಪ್ರಿಂಟಿನಲ್ಲಿ ಬೆಳ್ಳಿ ಹೆಚ್ಚು ಕೂರುವುದು ಕತ್ತಲ ಭಾಗದಲ್ಲಿ. ಹಾಗಾಗಿ ಬಣ್ಣ ಸೋರಬೇಕಾದದ್ದು ನೆರಳಿನಿಂದ. ಬೆಳಗಿದ ಮುಖ ಹೆಚ್ಚುಕಡಿಮೆ ಹಾಗೇ ಇರಬೇಕು. ಕಪ್ಪು ಇಳಿದಷ್ಟೂ ನೆರಳಿನ ವಿವರವೂ ಮುಳುಗುತ್ತದೆ. ಕಪ್ಪು ಕೋಟಿನ ಮಡಿಕೆ ಕಾಣಲೇಬೇಕಿದ್ದರೆ ಚಿತ್ರೀಕರಣದಲ್ಲೇ ನೆರಳನ್ನು ತಿಳಿಗೊಳಿಸುವ ಫಿಲ್ ಲೈಟನ್ನು ತುಸು ಏರಿಸಿಕೊಳ್ಳಿ. ಸೆಟ್ಟಿನಲ್ಲಿ ದಾಖಲಾಗದ ಮಡಿಕೆಯನ್ನು ಗ್ರೇಡಿಂಗ್ ಕೋಣೆಯಲ್ಲಿ ಯಾರೂ ತಂದುಕೊಡಲಾರರು.